ಕಣದ ಅಂಚಿನಲ್ಲಿ ಬಿಟ್ಟ ಚಪ್ಪಲಿ

ಆನವಟ್ಟಿ

ಕುಬಟೂರಿನ ಸಣ್ಣಬೀರಪ್ಪನವರಿಗೆ ಬಡಗಿ ಉಸ್ಮಾನ್ ಸಾಬನ ಸಲಾಮು.

ಈ ಸೀಮೆಯಲ್ಲಿ ಮೊದಲು ಸ್ಕೇಟ್‌ಬೋರ್ಡ್ ಮೇಲೆ ಗಿರ್ರನೆ ತಿರುಗಿ ಕುಣಿದವಳು ನನ್ನ ಮಗಳು ಅಂಬರೀನ್. ಹಲಗೆ ನಾನು ಕೊಯ್ದದ್ದು, ಅವಳು ಕಲಿತ ಸಿಮೆಂಟ್ ಕಣ ನಿಮ್ಮದು. "ಕಣದಾಗೆ ಚಪ್ಪಲಿ ಹಾಕ್ಕಂಡು ಬರಬ್ಯಾಡವ್ವ" ಎಂದಿದ್ದಿರಿ. ಆಮೇಲೆ ಯಾವ ಊರಿಗೆ ಹೋದರೂ ಬರಿಗಾಲಲ್ಲೇ ಆಡಿದಳು.

ಅವಳು ತೀರಿಕೊಂಡು ವರ್ಷವಾಯಿತು. ಮೊನ್ನೆ ಶಿಕಾರಿಪುರದ ಮೈದಾನಕ್ಕೆ ಇಪ್ಪತ್ತು ಹುಡುಗಿಯರು ಬೋರ್ಡ್ ಹಿಡಿದು ಬಂದಿದ್ದರು. ಎಲ್ಲರೂ ಶೂ ಕಳಚಿಟ್ಟೇ ಹತ್ತಿದರು. ಯಾಕೆಂದು ಕೇಳಿದೆ.

"ಈ ಆಟದ ರೂಲ್ಸೇ ಹಂಗೈತ್ರೀ" ಎಂದಳು ಉಳವಿಯ ರೋಜಾ. ಅಂಬರೀನ್‌ಳನ್ನು ಅವಳು ಕಂಡವಳೇ ಅಲ್ಲ.

ಅಲ್ಲಿನ ನೆಲ ಒರಟು. ಮೆಕ್ಕೆಜೋಳ ಒಣಹಾಕುವ ತನಕ ಭಾನುವಾರಗಳಂದು ಅವರನ್ನು ನಿಮ್ಮ ಕಣಕ್ಕೆ ಕರೆತರಲೇ? ಚಪ್ಪಲಿಯ ಮಾತು ನೀವು ಹೇಳಬೇಕಾಗಿಲ್ಲ.

ನಿಮ್ಮ,
ಉಸ್ಮಾನ್ ಸಾಬ್