ಕಿರುಗಾವಲಿನ ಲೆಫ್ಟ್ ವಿಂಗರ್

ಸೆಪ್ಟೆಂಬರ್ 9, ಸೋಮವಾರ

ಬೆಳಿಗ್ಗೆ ತಾರಸಿ ಮೇಲೆ ವ್ಯಾಯಾಮ. ಎಡ ಮಂಡಿ ಈಗ ಪೂರ್ತಿ ಮಡಿಸುತ್ತದೆ. ಆಪರೇಷನ್ನಿನ ಗುರುತು ಇದೆ, ನೋವಿಲ್ಲ. ಒಂಟಿಕಾಲಲ್ಲಿ ಕುಪ್ಪಳಿಸುತ್ತಿದ್ದೆ. ಅವ್ವ ಮೆಟ್ಟಿಲ ಮೇಲೆ ಬಂದು ನಿಂತಳು.

"ಸಾಕು ಬಾರವ್ವ, ಕಾಪಿ ಆರೋಯ್ತದೆ. ಇಪ್ಪತ್ನಾಕು ತುಂಬ್ತು, ಇನ್ನೂ ಕುಂಟಾಬಿಲ್ಲೆ ಆಡ್ತಾವ್ಳೆ."

ಕೆಳಗೆ ಕಿರುಗಾವಲಿನ ರಸ್ತೆಯಲ್ಲಿ ಮೈಸೂರು ಬಸ್ಸಿನ ಹಾರ್ನು. ಗೋವಾದಲ್ಲಿ ಈ ಹೊತ್ತಿಗೆ ನಮ್ಮ ಫುಟ್‌ಬಾಲ್ ಟೀಮಿನವರೆಲ್ಲ ಗ್ರೌಂಡಿಗೆ ಇಳಿದಿರುತ್ತಾರೆ. ಒದ್ದೆ ಹುಲ್ಲು. ಬೂಟಿನ ತುದಿ ನೆನೆದು... ಬೇಡ. ಬರೆದರೆ ಇನ್ನೂ ಹೆಚ್ಚಾಗುತ್ತದೆ.

ಸೆಪ್ಟೆಂಬರ್ 15, ಭಾನುವಾರ. ಸಂಜೆ

ದೀಪಿಕ ಫೋನ್ ಮಾಡಿದ್ದಳು. ಮದ್ದೂರಿನವಳು, ಗೋವಾ ಕ್ಲಬ್ಬಿನ ಗೋಲ್‌ಕೀಪರ್. ಅಲ್ಲಿ ಆಡಿದಷ್ಟು ದಿನವೂ ನನ್ನ ರೂಮ್‌ಮೇಟ್. ನನ್ನ ಜಾಗಕ್ಕೆ ಮಣಿಪುರದ ಹುಡುಗಿಯೊಬ್ಬಳು ಬಂದಿದ್ದಾಳಂತೆ.

"ಚೆನ್ನಾಗ್ ಆಡ್ತಾಳೇನೇ?"

"ಹೂಂ ಕಣೆ ಅರುಂಧತಿ."

ಸುಳ್ಳು ಹೇಳಬಹುದಿತ್ತು.

ಕೋಚ್ ನನ್ನನ್ನೂ ಅಕ್ಟೋಬರ್ ಕ್ಯಾಂಪಿಗೆ ಕರೆದಿದ್ದಾರೆ. ಫಿಟ್ ಅನ್ನಿಸಿದರೆ ಮತ್ತೆ ಕಾಂಟ್ರಾಕ್ಟು. ಅಪ್ಪನಿಗೆ ಹೇಳಿದೆ. ಮಳವಳ್ಳಿ ಡಿಪೋದಲ್ಲಿ ಮೆಕ್ಯಾನಿಕ್. ಬಸ್ಸಿನಡಿ ಬಗ್ಗಿ ನೋಡುವ ಹಾಗೆಯೇ ನನ್ನ ಮಂಡಿಯನ್ನೂ ನೋಡಿದ.

"ಓಗ್ಬುಟ್ಟು ಬಾ. ಇಲ್ಲೇ ಕುಂತಿದ್ರೆ ಗೊತ್ತಾಯ್ತದಾ?"

ಸೆಪ್ಟೆಂಬರ್ 28, ಶನಿವಾರ

ಮಂಡ್ಯ. ಕಾಲೇಜು ಗ್ರೌಂಡಿನ ಸುತ್ತ ಓಡಿದೆ. ಸಿದ್ದರಾಜು ಸಾರ್ ಸೀಟಿ ಕಚ್ಚಿಕೊಂಡು ನೋಡುತ್ತಿದ್ದರು. ಪಿ.ಇ. ಮೇಷ್ಟ್ರು. ಎಲ್ಲ ಶುರುವಾದದ್ದು ಅವರಿಂದಲೇ.

ಡಿಗ್ರಿ ಮೊದಲ ವರ್ಷ ನಾನು ಖೊಖೊ ಆಡುತ್ತಿದ್ದೆ. ಟೂರ್ನಿಗೆ ಹೊರಟ ಫುಟ್‌ಬಾಲ್ ಟೀಮಿಗೆ ಒಬ್ಬಳು ಕಮ್ಮಿ. "ಓಡಕ್ಕೆ ಬತ್ತದಲ್ಲ, ಸಾಕು ಬಾ" ಎಂದು ಎಡ ಅಂಚಿನಲ್ಲಿ, ವಿಂಗರ್ ಜಾಗದಲ್ಲಿ ನಿಲ್ಲಿಸಿದ್ದರು. ಮೊದಲ ಸಲ ಬಾಲು ಕಾಲಿಗೆ ಸಿಕ್ಕಾಗ ಮುಂದೆ ಯಾರೂ ಇರಲಿಲ್ಲ. ಅಷ್ಟು ಜಾಗ ನನಗಾಗಿ ಖಾಲಿ ಇದ್ದದ್ದನ್ನು ಅಲ್ಲಿಯವರೆಗೆ ಕಂಡೇ ಇರಲಿಲ್ಲ.

ಆಮೇಲೆ ಯೂನಿವರ್ಸಿಟಿ ಟೀಮು, ರಾಜ್ಯದ ಟೀಮು, ಗೋವಾ. ಆಟಕ್ಕೇ ಸಂಬಳ ಕೊಡುತ್ತಾರೆ ಎಂದರೆ ಅವ್ವ ನಂಬಿರಲಿಲ್ಲ. ಹೋದ ಡಿಸೆಂಬರಿನಲ್ಲಿ ಎದುರು ಟೀಮಿನ ಡಿಫೆಂಡರ್ ಒಬ್ಬಳು ಬಾಲು ಕಸಿಯಲು ಜಾರಿಕೊಂಡು ಟ್ಯಾಕಲ್‌ಗೆ ಬಂದಳು. ಮಂಡಿಯೊಳಗೆ ಕಬ್ಬು ಮುರಿದ ಸದ್ದು.

ಅಕ್ಟೋಬರ್ 17, ಗುರುವಾರ. ಗೋವಾ

ಓಟದ ಟೆಸ್ಟ್ ಪಾಸ್. ಡಾಕ್ಟರೂ ಮಂಡಿ ಎಳೆದು, ತಿರುಚಿ ನೋಡಿ ಸರಿ ಎಂದರು. ಅದೇ ರೂಮು. ನನ್ನ ಮಂಚದ ಮೇಲೆ ಮಣಿಪುರದ ಹುಡುಗಿಯ ಬ್ಯಾಗು. ನೆಲದ ಮೇಲೆ ಹಾಸಿಕೊಂಡೆ. ಆದರೂ ಹತ್ತು ತಿಂಗಳಲ್ಲಿ ಇಷ್ಟು ಒಳ್ಳೆಯ ನಿದ್ದೆ ಬಂದಿರಲಿಲ್ಲ.

ಅಕ್ಟೋಬರ್ 19

ಪ್ರಾಕ್ಟೀಸ್ ಮ್ಯಾಚು. ಬಾಲು ಸಿಕ್ಕಿತು. ಡಿಫೆಂಡರ್ ಬಂದಳು. ಕಾಲು ತಾನೇ ಹಿಂದೆ ಬಂತು. ಮತ್ತೆ ಸಿಕ್ಕಿತು. ಮತ್ತೆ ಹಾಗೇ. ದೀಪಿಕ ಗೋಲಿನಿಂದ ಕೂಗುತ್ತಲೇ ಇದ್ದಳು — "ನುಗ್ಗೇ, ನುಗ್ಗು."

ಸಂಜೆ ಕೋಚ್ ಪಕ್ಕಕ್ಕೆ ಕರೆದರು. ಕಾಲಿನಲ್ಲಿ ಏನೂ ತೊಂದರೆ ಇಲ್ಲ, ಯಾರಾದರೂ ಹತ್ತಿರ ಬಂದರೆ ಬಾಲು ಬಿಟ್ಟುಬಿಡುತ್ತೀಯ, ಈ ಸೀಸನ್ ಆಗುವುದಿಲ್ಲ ಎಂದರು. ಹಿಂದಿಯಲ್ಲಿ, ಮೆತ್ತಗೆ. ಬೈದಿದ್ದರೆ ಚೆನ್ನಾಗಿತ್ತು.

ನವೆಂಬರ್ 6, ಬುಧವಾರ

ಗೋವಾದಿಂದ ಊರಿಗೆ ಬಂದಮೇಲೆ ಇಷ್ಟು ದಿನ ಬರೆಯಲಿಲ್ಲ. ತಾರಸಿಗೂ ಹೋಗಲಿಲ್ಲ. ಅವ್ವ ತಟ್ಟೆ ತಂದು ಮುಂದಿಟ್ಟಳು.

"ಉಣ್ಣು. ಬೀದಿಯೋರೆಲ್ಲ ಕೇಳ್ತಾವ್ರೆ, ನಿನ್ ಮಗಳು ಯಾವಾಗ ಓಯ್ತಾಳೆ ಅಂತ."

"ಏನಂದೆ?"

"ಕಾಲು ಸರಿಯಾಗ್ಲಿ, ಓಯ್ತಾಳೆ ಅಂದೆ. ಇನ್ನೇನ್ ಅನ್ಲಿ?"

ಕುಂಟಾಬಿಲ್ಲೆ ಎಂದವಳು ಇವಳೇ. ತಟ್ಟೆ ಹತ್ತಿರ ಎಳೆದುಕೊಂಡು ಮುದ್ದೆ ಮುರಿದೆ.

ನವೆಂಬರ್ 23, ಶನಿವಾರ

ಮತ್ತೆ ಮಂಡ್ಯ. ಕಾಲೇಜು ಹುಡುಗರ ಜೊತೆ ಆಡಿದೆ. ಟ್ಯಾಕಲ್ ಮಾಡಿ ಎಂದರೆ ಒಬ್ಬನೂ ಹತ್ತಿರ ಬರುವುದಿಲ್ಲ. "ಬ್ಯಾಡ ಕಣಕ್ಕ, ಆಪರೇಸನ್ ಆಗೈತೆ" — ಎಲ್ಲರದೂ ಅದೇ ಮಾತು. ಸಾರ್ ಹತ್ತಿರ ಹೋಗಿ ಹೇಳಿದೆ.

ವಾಚು ಬಿಚ್ಚಿ ಜೇಬಿಗಿಟ್ಟರು. ರಿಟೈರ್ ಆಗುವ ವಯಸ್ಸು, ಹೊಟ್ಟೆ ಬೇರೆ. ಬಂದು ಎದುರಿಗೆ ನಿಂತರು.

"ಬಾ ಈಗ. ಪಕ್ಕಕ್ಕೆ ಸರುದ್ರೆ ನೋಡು."

ಮೊದಲು ಬಾಲು ಬಿಟ್ಟು ಹಾರಿದೆ. ಮತ್ತೆ ಬಿಟ್ಟೆ. ಬೈದರು. ಆಮೇಲಿನ ಸಲ ಬಿಡಲಿಲ್ಲ. ಇಬ್ಬರೂ ಡಿಕ್ಕಿ ಹೊಡೆದು ಬಿದ್ದೆವು. ಬಾಯಿ ತುಂಬ ಮಣ್ಣು. ಹುಡುಗರೆಲ್ಲ ಓಡಿ ಬಂದರು.

"ಐತೇನಮ್ಮ ಕಾಲು?"

ಮಡಿಸಿದೆ. ಬಿಡಿಸಿದೆ. "ಐತೆ ಸಾರ್."

"ನಂದಿಲ್ಲ ಕಣಮ್ಮ. ಎತ್ತು."

ನಗು ಬಂತು. ಬಿದ್ದಲ್ಲೇ ಅಳುವೂ ಬಂತು.

ಡಿಸೆಂಬರ್ 15, ಭಾನುವಾರ

ಸಾರ್ ಬೆಂಗಳೂರಿನ ಒಂದು ಕ್ಲಬ್ಬಿನವರ ಹತ್ತಿರ ಮಾತಾಡಿದ್ದರು. ಸಣ್ಣ ಕ್ಲಬ್ಬು, ರಾಜ್ಯದ ಲೀಗು. ಹೋಗಿ ಆಡಿ ತೋರಿಸಿದೆ. ತೆಗೆದುಕೊಂಡರು.

ಮನೆಗೆ ಬಂದು ಫೋನಿನಲ್ಲಿ ಗೋವಾ ಮ್ಯಾಚು ನೋಡಿದೆ. ಎಡಗಡೆ ಮಣಿಪುರದ ಹುಡುಗಿ ನುಗ್ಗುವಾಗಲೆಲ್ಲ ಚಾಪೆಯ ಮೇಲೆ ನನ್ನ ಕಾಲು ಅಲುಗುತ್ತಿತ್ತು. ಚೆನ್ನಾಗಿಯೇ ಆಡುತ್ತಾಳೆ. ಕೊನೆಗೆ ಎಲ್ಲರೂ ಸೇರಿ ಅವಳನ್ನು ಎತ್ತಿದರು. ದೀಪಿಕಳೂ. ಆಫ್ ಮಾಡಬೇಕೆಂದುಕೊಂಡೆ, ಮಾಡಲಿಲ್ಲ.

ಜನವರಿ 12, ಭಾನುವಾರ. ಬೆಂಗಳೂರು

ಮೊದಲ ಮ್ಯಾಚು, ಇನ್ನೇನು ಶುರು. ಹನ್ನೊಂದು ಜನರಲ್ಲಿ ನನ್ನ ಹೆಸರಿದೆ. ಗ್ರೌಂಡಿನಲ್ಲಿ ಹುಲ್ಲಿಲ್ಲ, ಬರೀ ಕೆಂಪು ಮಣ್ಣು. ಟಿ.ವಿ. ಇಲ್ಲ, ಫೋನಿನಲ್ಲೂ ಬರುವುದಿಲ್ಲ. ಇದು ಗೋವಾ ಅಲ್ಲ. ಎದ್ದಾಗಿನಿಂದ ಆ ಒದ್ದೆ ಹುಲ್ಲೇ ಕಣ್ಣ ಮುಂದೆ.

ಅಪ್ಪ ಬಂದಿದ್ದಾನೆ. ಮಳವಳ್ಳಿಯಿಂದ ಮೊದಲ ಬಸ್ಸಿಗೆ, ಡಿಪೋದ ಖಾಕಿ ಅಂಗಿಯಲ್ಲೇ. ನಾನು ಆಡುವುದನ್ನು ಇದುವರೆಗೆ ಒಂದು ಸಲವೂ ನೋಡಿಲ್ಲ.

"ಯಾವ್ ಕಡೆ ಆಡ್ತೀಯವ್ವ? ಅಲ್ಲೇ ಕುಂತ್ಕತೀನಿ."

ಎಡಗಡೆ ತೋರಿಸಿದೆ. ಹೋಗಿ ಮೆಟ್ಟಿಲ ಮೇಲೆ ಒಬ್ಬನೇ ಕುಳಿತ. ಬುತ್ತಿ ಪಕ್ಕದಲ್ಲಿ. ಅರ್ಧ ಆಟ ಆದಮೇಲೆ ಕಡೆ ಬದಲಾಗುತ್ತದೆ, ನಾನು ಆಚೆ ಅಂಚಿಗೆ ಹೋಗುತ್ತೇನೆ ಎಂದು ಹೇಳಲೇ ಇಲ್ಲ. ಈಗಲೇ ಹೋಗಿ ಹೇಳಿ — ಸೀಟಿ. ಕರೆಯುತ್ತಿದ್ದಾರೆ. ಅಪ್ಪ ಅಲ್ಲೇ ಕುಳಿತಿದ್ದಾನೆ.