ಮೂರು ಮಂದಿಗೆ ಎಷ್ಟು ಅಕ್ಕಿ?

ಉಪ್ಪಳ
12 ನವೆಂಬರ್ 2024

ಪೂಜಾಶ್ರೀಯ ಅಪ್ಪನಿಗೆ,

ನಾವು ಕ್ಷೇಮ. ಕಾಞಂಗಾಡಿನ ಹೊಸ ಮನೆಯಲ್ಲಿ ನೀವೂ ಕ್ಷೇಮವೆಂದು ಕೇಳಿದೆ. ಫೋನಿನಲ್ಲಿ ನನ್ನ ಹೆಸರು ಕಂಡರೆ ನೀವು ಎತ್ತುವುದಿಲ್ಲ. ಕಾಗದಕ್ಕೆ ರಿಂಗಿಲ್ಲ, ನಿಮ್ಮ ನೆಮ್ಮದಿಗೆ ಭಂಗವಿಲ್ಲ.

ಸಂಜೆಯ ಟ್ಯೂಷನಿನಲ್ಲಿ ಈಗ ದಶಾಂಶದ ಗುಣಾಕಾರ ನಡೆಯುತ್ತಾ ಉಂಟು. ನನ್ನ ಕ್ರಮ ನಿಮಗೆ ಗೊತ್ತಲ್ಲ, ಪುಸ್ತಕದ ಲೆಕ್ಕ ಬೇಡ, ಪ್ರತಿಯೊಬ್ಬರೂ ತಮ್ಮ ಮನೆಯದ್ದೊಂದು ಲೆಕ್ಕ ತರಬೇಕು. ಜೊತೆಗೆ ಪ್ರಾಸ: ಚುಕ್ಕಿ ಮರೆತು ಗುಣಿಸು, ಕೊನೆಗೆ ಸ್ಥಾನ ಎಣಿಸು, ಬಲದಿಂದ ಎಣಿಸಿ ಚುಕ್ಕಿ ಇಡು, ತಪ್ಪಿದರೆ ಪೆಟ್ಟಿಗೆ ಕೈ ಕೊಡು. ಪೆಟ್ಟು ಪ್ರಾಸಕ್ಕೆ ಮಾತ್ರ. ವಯಸ್ಸು ನಲವತ್ತೈದಾದರೂ ಪ್ರಾಸದ ಚಟ ಬಿಟ್ಟಿಲ್ಲ.

ನಿನ್ನೆ ಎದುರುಮನೆ ಹಲೀಮಾರ ಮಗ ಸಿನಾನ್, ಒಂದು ಚೂಡಿದಾರಕ್ಕೆ 2.25 ಮೀಟರ್ ಬಟ್ಟೆಯಾದರೆ ನಾಲ್ಕು ಅಕ್ಕಂದಿರಿಗೆ ಎಷ್ಟು ಎಂದು ಕೇಳಿ, ತಾನೇ ಒಂಬತ್ತು ಎಂದು ಹೇಳಿ, ನನಗೆ ಮಾತ್ರ ಎಂತದೂ ಇಲ್ಲ ಎಂದು ಗೊಣಗಿದ. ಆಮೇಲೆ ನಮ್ಮ ಮಗಳು ಎದ್ದಳು. ನೀರುದೋಸೆಗೆ ಒಬ್ಬರಿಗೆ 0.15 ಕಿಲೋ ಅಕ್ಕಿ, ಮನೆಯಲ್ಲಿ ಮೂರು ಮಂದಿ, ಒಟ್ಟು ಎಷ್ಟು ಎಂದು ಕೇಳಿದಳು.

ಎಲ್ಲರೂ 0.45 ಎಂದು ಬರೆದರು. ಸಿನಾನ್ ಬರೆಯಲಿಲ್ಲ. ನಿಮ್ಮಲ್ಲಿ ಇಬ್ಬರೇ ಅಲ್ವಾ, ನಿನ್ನ ಅಪ್ಪ ಹೋಗಿ ವರ್ಷ ಆಯ್ತಲ್ಲ ಅಂದ. ದೋಸೆ ನಿನ್ನ ಮನೆಯದ್ದಾ ಮಾರಾಯ, ನೀನು ಗುಣಿಸಿದರೆ ಸಾಕು ಅಂದಳು ಇವಳು. ಮಕ್ಕಳು ನಕ್ಕರು. ನಾನು ಬೋರ್ಡ್ ಒರೆಸುವ ನೆಪದಲ್ಲಿ ತಿರುಗಿ ನಿಂತೆ.

ಕೆಲಸದ ಮೇಲೆ ಹೋಗಿದ್ದಾರೆ, ಬರ್ತಾರೆ ಅಂತ ಅವಳಿಗೆ ಹೇಳುತ್ತಾ ಬಂದೆ. ಇನ್ನು ನನ್ನಿಂದಾಗದು. ಈ ಭಾನುವಾರ ನೀವೇ ಬಂದು, ಇನ್ನು ಈ ಮನೆಗೆ ಬರುವುದಿಲ್ಲ ಅಂತ ಅವಳಿಗೆ ಹೇಳಿ ಹೋಗಬೇಕು. ಹತ್ತು ವರ್ಷದ ಮಗು ಕಾಯುವುದನ್ನು ನೋಡಲಾಗುವುದಿಲ್ಲ. ನನಗೆ ಬೇರೆ ಎಂತದೂ ಬೇಡ.

ಬೆಳಗ್ಗಿನ ರೈಲಿಗೇ ಬಂದರೆ ತಿಂಡಿ ಇಲ್ಲೇ ಆಗಬಹುದು. ದೋಸೆಗೆ ನಿಮಗೆ ಬೆಲ್ಲ ಹಾಕಿದ ತೆಂಗಿನತುರಿ ಬೇಕೆಂದು ನೆನಪುಂಟು. ಗುಂಡಿ ಹೋಯಿತೆಂದು ನೀವು ಬಿಟ್ಟುಹೋದ ನೀಲಿ ಅಂಗಿಗೆ ಗುಂಡಿಯನ್ನೂ ಹೊಲಿದಿಟ್ಟಿದ್ದೇನೆ.

ಇತಿ,
ಶ್ರೀರಂಜಿನಿ

ಮತ್ತೊಂದು ಮಾತು: ಲಕೋಟೆಯ ಮೇಲೆ ನಿಮ್ಮ ವಿಳಾಸ ಬರೆಯುವಾಗ ಪೂಜಾಶ್ರೀ ನೋಡಿದಳು. ಅಪ್ಪ ಬರುವುದಿಲ್ಲ ಅಂತ ನನಗೆ ಮೊದಲೇ ಗೊತ್ತುಂಟು ಅಮ್ಮ, ಹೋಗುವಾಗ ಹಳೇ ಕನ್ನಡಕವನ್ನೂ ಬಿಡಲಿಲ್ಲವಲ್ಲ ಅಂದಳು. ಮತ್ತೆ ಮೂರು ಮಂದಿ ಅಂತ ಎಂತಕ್ಕೆ ಹೇಳಿದ್ದು ಅಂತ ಕೇಳಿದೆ. ನೀನು ಈಗಲೂ ಮೂರು ಮಂದಿಯ ಅಕ್ಕಿಯನ್ನೇ ನೆನೆಹಾಕ್ತೀಯಲ್ಲ, ಎಲ್ಲರೆದುರು ಎರಡು ಅಂದರೆ ನಿನಗೆ ಬೇಜಾರಾಗ್ತದಲ್ಲ ಅಂದಳು.

ಭಾನುವಾರ ಬನ್ನಿ. ಅವಳಿಗೆ ಹೇಳಬೇಕಾದ್ದಿಲ್ಲ. ನನಗೆ ಹೇಳಿ ಹೋಗಿ.