ಹುಣಸೆಮರ ಇದ್ದ ಜಾಗ

ಅರೆಕೆರೆ
ಭಾನುವಾರ, ೯ ನವೆಂಬರ್ ೨೦೨೫

ಪ್ರೀತಿಯ ವನಿತಕ್ಕನಿಗೆ,

ತಂಗಿ ವಾರಿಜಾಳ ನಮಸ್ಕಾರ. ನಾವಿಲ್ಲಿ ಚೆನ್ನಾಗಿದ್ದೇವೆ. ಮಾಲೂರಿನಲ್ಲಿ ನೀನು, ದೇವರಾಜ ಭಾವ, ಚಿರಂತ್ ಎಲ್ಲರೂ ಚೆನ್ನಾಗಿದ್ದೀರಿ ಎಂದುಕೊಂಡಿದ್ದೇನೆ. ದೀಪಾವಳಿಗೆ ನೀನು ಹೊಲಿದು ಕಳಿಸಿದ ಬ್ಲೌಸು ನನಗೆ ಚೆನ್ನಾಗಿ ಕೂತಿತು. ತೋಳು ಮಾತ್ರ ಸ್ವಲ್ಪ ಬಿಗಿ. ಅದು ನಿನ್ನ ಹೊಲಿಗೆಯ ತಪ್ಪಲ್ಲ, ನಾನೇ ದಪ್ಪಗಾಗಿದ್ದೇನೆ. ಕಾಗದ ಬರೀತೀನಿ ಅಂದವಳು ಇಷ್ಟು ದಿನ ಸುಮ್ಮನಿದ್ದುದಕ್ಕೆ ಬೈಯಬೇಡ. ಶುರು ಮಾಡುತ್ತಿದ್ದೆ, ಹರಿದು ಹಾಕುತ್ತಿದ್ದೆ.

ಫೋನ್ ಇಟ್ಟುಕೊಂಡು ಕಾಗದ ಯಾಕೆ ಎಂದು ನೀನು ನಗಬಹುದು. ಫೋನಿನಲ್ಲಿ ನನಗೆ ಮಾತು ಬರುವುದಿಲ್ಲ, ನಿನಗೆ ಗೊತ್ತು. ಬಂದರೂ, ಅಮ್ಮನ ಹೆಸರು ತೆಗೆದ ಕೂಡಲೇ ನೀನು "ಕುಕ್ಕರ್ ಕೂಗ್ತಿದೆ ಕಣೇ, ಇಡ್ತೀನಿ" ಅನ್ನುತ್ತೀಯ. ಕಾಗದ ಓದುವಾಗ ಕುಕ್ಕರ್ ಕೂಗಿದರೆ ಒಲೆ ಆರಿಸಿ ಬಂದು ಮತ್ತೆ ಓದಬಹುದು.

ಮೊದಲು ಮನೆ ಸುದ್ದಿ. ಮಹಡಿ ಮೇಲಿನ ಬಾಡಿಗೆಯವರು ಖಾಲಿ ಮಾಡಿದರು. ಅವರು ಬಿಟ್ಟುಹೋದ ಬೆಕ್ಕು ಈಗ ನಮ್ಮದಾಗಿದೆ. ಅಮ್ಮನ ಎಡಗಣ್ಣಿನ ಪೊರೆ ತೆಗೆಸಿದೆವು. ಕಣ್ಣಿನ ಪಟ್ಟಿ ಬಿಚ್ಚಿದ ದಿನ ಅಮ್ಮ ನನ್ನನ್ನು ನೋಡಿ "ಅಯ್ಯೋ, ಇಷ್ಟು ಕಪ್ಪಗಾಗಿದ್ದೀಯೇನೇ!" ಅಂದಳು. ಡಾಕ್ಟರ್ ಕೂಡ ನಕ್ಕರು. ಅಮ್ಮ ದಿನಾ ಬೆಳಿಗ್ಗೆ ವಾಕಿಂಗ್ ಎಂದು ಹೊರಟರೆ ಬಿಸಿಲು ಏರುವವರೆಗೂ ಬರುವುದಿಲ್ಲ.

ನನ್ನ ಕೆಲಸ ಏನು ಎಂದು ನೀನು ಯಾವಾಗಲೂ ಕೇಳುತ್ತೀಯ, ನಾನು ಸರಿಯಾಗಿ ಹೇಳಿಯೇ ಇಲ್ಲ. ಜಯನಗರದ ನಮ್ಮ ಆಫೀಸಿನಲ್ಲಿ ಒಂದು ದೊಡ್ಡ ಸ್ಕ್ಯಾನರ್ ಇದೆ. ಹಳೆಯ ನಕ್ಷೆಗಳು, ವಿಮಾನದಿಂದ ತೆಗೆದ ಹಳೆಯ ಫೋಟೋಗಳು ಬರುತ್ತವೆ. ಅವನ್ನು ಸ್ಕ್ಯಾನ್ ಮಾಡಿ, ಕಂಪ್ಯೂಟರಿನಲ್ಲಿ ಇವತ್ತಿನ ನೆಲದ ಚಿತ್ರದ ಮೇಲೆ ಕೂರಿಸಬೇಕು. ನೀನು ಅಳತೆಯ ಕಾಗದವನ್ನು ಬಟ್ಟೆಯ ಮೇಲೆ ಹರಡಿ ಗುಂಡುಪಿನ್ನು ಚುಚ್ಚುತ್ತೀಯಲ್ಲ, ಹಾಗೆಯೇ. ಹಳೆಯ ಫೋಟೋದಲ್ಲಿರುವ ಒಂದು ಬಂಡೆ ಇವತ್ತೂ ಅಲ್ಲೇ ಇದ್ದರೆ ಎರಡನ್ನೂ ಸೇರಿಸಿ ಒಂದು ಪಿನ್ನು. ಕೆರೆಯ ಏರಿ ತಿರುಗುವ ಕಡೆ ಇನ್ನೊಂದು, ಹಳೆಯ ಬಾವಿಗೆ ಮತ್ತೊಂದು. ಪಿನ್ನು ಚುಚ್ಚುವ ಜಾಗ ಕದಲಿರಬಾರದು. ಒಂದು ಪಿನ್ನು ತಪ್ಪಾದರೆ ಬಟ್ಟೆ ಹೇಗೆ ಒಂದು ಕಡೆ ಜಗ್ಗಿ ನಿರಿಗೆ ಬೀಳುತ್ತದೋ, ಇಡೀ ಊರು ಹಾಗೆ ಜಗ್ಗಿಕೊಳ್ಳುತ್ತದೆ. ಎಲ್ಲ ಸರಿ ಕೂತರೆ, ಆ ಹಳೆಯ ಫೋಟೋದಲ್ಲಿ ಎಲ್ಲಿ ಬೆರಳಿಟ್ಟರೂ ಆ ಜಾಗ ಇವತ್ತು ಎಲ್ಲಿದೆ ಎಂದು ತಿಳಿಯುತ್ತದೆ. ಫೋನ್ ಹಿಡಿದು ನಡೆದು ಹೋಗಿ ಅದೇ ಜಾಗದಲ್ಲಿ ನಿಲ್ಲಬಹುದು.

ಹೋದ ತಿಂಗಳು ಕೆರೆಗಳ ಹಳೆಯ ಫೋಟೋಗಳು ಬಂದವು. ಅದರಲ್ಲಿ ಒಂದು ನಮ್ಮೂರಿನದು.

ಅಕ್ಕ, ಆ ಫೋಟೋ ತೆಗೆದಾಗ ನಾವಿಬ್ಬರೂ ಹುಟ್ಟಿರಲಿಲ್ಲ. ಲೇಔಟ್ ಇಲ್ಲ, ಅಪಾರ್ಟ್‌ಮೆಂಟ್ ಇಲ್ಲ. ಕೆರೆ, ಗದ್ದೆ, ರಾಗಿಹೊಲ, ಒಂದು ಗಾಡಿದಾರಿ. ಊರಮ್ಮನ ಗುಡಿ ಬಿಳಿಯ ಚುಕ್ಕೆಯ ಹಾಗೆ. ಗುಡಿಯ ಹಿಂದೆ ನೆಟ್ಟಗೆ ನಮ್ಮ ಹೊಲ, ಹೊಲದ ಮೂಲೆಯಲ್ಲಿ ಒಂದು ಕಪ್ಪು ಗುಂಡು. ಅದು ನಮ್ಮ ಹುಣಸೆಮರ. ಅದರ ನೆರಳು ಕೂಡ ಕಾಣುತ್ತಿತ್ತು. ನಾನು ಅದರ ಮೇಲೆ ಬೆರಳಿಟ್ಟು ಹಾಗೇ ಕೂತೆ.

ನಿನ್ನ ಪಾಪುವನ್ನು ಅದರ ಬುಡದಲ್ಲಿ ಮಣ್ಣು ಮಾಡಿದಾಗ ನಾನು ಎಂಟು ವರ್ಷದವಳು. ಬಾಣಂತಿ ನೀನು ಒಳಗಿದ್ದೆ, ನಿನ್ನನ್ನು ಹೊರಗೆ ಬಿಡಲಿಲ್ಲ. "ಗುಡಿ ಹಿಂದೆ ನೆಟ್ಟಗೆ, ನಮ್ಮ ಹುಣಸೆಮರದ ಕೆಳಗೇ ಮಲಗಿಸಿದ್ದೀವಿ" ಎಂದು ಅಪ್ಪ ಬಂದು ಹೇಳಿದ್ದು ನನಗೆ ಕೇಳಿಸಿತ್ತು. ಆಮೇಲೆ ಊರಿನವರೆಲ್ಲ ಮಾರಿದಂತೆ ಅಪ್ಪನೂ ಹೊಲ ಮಾರಿದರು, ಮರ ಕಡಿದರು. ವರ್ಷ ಕಳೆದು ನೀನು ಮಾಲೂರಿನಿಂದ ಹಾಲು ಹೂವು ತಗೊಂಡು ಬಂದಾಗ ಹೊಲದ ಗುರುತೇ ಇರಲಿಲ್ಲ. ಗುಡಿ ಒಂದು ಮಾತ್ರ ಇತ್ತು. ನೀನು ಗುಡಿಯ ಹಿಂದಿನ ಗೋಡೆಗೆ ಬೆನ್ನು ಕೊಟ್ಟು ನಿಂತು, ನೆಟ್ಟಗೆ ನಡೆದೆ. ನಾನು ನಿನ್ನ ಸೆರಗು ಹಿಡಿದುಕೊಂಡಿದ್ದೆ. ನಡೆದ ಕಡೆ ಅಪಾರ್ಟ್‌ಮೆಂಟಿಗೆ ಪಾಯ ತೋಡಿದ ದೊಡ್ಡ ಹಳ್ಳ ಸಿಕ್ಕಿತು. ನೀನು ಅಳಲಿಲ್ಲ. ಹಾಲನ್ನು ಅಲ್ಲೇ ರಸ್ತೆಯಲ್ಲಿ ಚೆಲ್ಲಿ ಸಂಜೆ ಬಸ್ಸಿಗೆ ಹೊರಟೆ. ಅಪ್ಪ ತೀರಿಕೊಂಡಾಗ ಬಂದವಳೂ ಆಸ್ಪತ್ರೆಯಿಂದ ಸ್ಮಶಾನಕ್ಕೆ, ಅಲ್ಲಿಂದ ಮಾಲೂರಿಗೆ ಹೋದೆ. ಈ ಊರಿನೊಳಗೆ ಕಾಲಿಡಲಿಲ್ಲ. "ನನ್ನ ಮಗು ಮೇಲೆ ಕಾರು ನಿಲ್ಲಿಸ್ತಾರೆ, ಅಲ್ಲಿಗೆ ನಾನು ಹಬ್ಬಕ್ಕೆ ಬರ್ಲಾ?" ಎಂದು ಒಂದು ಸಲ ಕೇಳಿದ್ದೆ.

ಅದಕ್ಕೆ ಉತ್ತರ ಈಗ ನನ್ನ ಹತ್ತಿರ ಇದೆ ಅನಿಸುತ್ತದೆ. ನಿಧಾನವಾಗಿ ಓದು.

ನಮ್ಮೂರಿನ ಫೋಟೋ ಕೂರಿಸಲು ನಾನು ಮೊದಲ ಪಿನ್ನು ಗುಡಿಗೇ ಹಾಕಿದೆ. ನಮ್ಮ ಆಫೀಸಿನ ಶಶಿಧರ್ ಸಾರ್ ಕಲಿಸಿದ್ದೇ ಹಾಗೆ: "ಮನೆ ಒಡೀತಾರೆ, ಕೆರೆ ಮುಚ್ತಾರೆ, ದೇವಸ್ಥಾನ ಮುಟ್ಟಲ್ಲ. ದೇವಸ್ಥಾನ ಸಿಕ್ಕಿದ್ರೆ ಬಿಡಬೇಡ." ಗುಡಿ, ಬಂಡೆ, ಏರಿಯ ಮೂಲೆ, ತೂಬು, ನಾಲ್ಕೂ ಹಾಕಿದೆ. ಊರು ಸೊಟ್ಟಗಾಯಿತು. ಕೆರೆಯ ನೀರು ರಸ್ತೆಗೆ ಬಂತು. ಪಕ್ಕದ ಸೀಟಿನ ಚೈತನ್ಯ ಎದ್ದು ಬಂದು ನೋಡಿ, "ಏನ್ ಗುರು ಇದು! ನಿಮ್ಮೂರ ಕೆರೆ ಬನ್ನೇರುಘಟ್ಟ ರೋಡಲ್ಲಿ ನಿಂತ್ಕೊಂಡು ಬಸ್ಸು ಕಾಯ್ತಾ ಇದೆ" ಅಂದ. ಎಲ್ಲರೂ ನಕ್ಕರು. ನನಗೆ ಕಿವಿ ಬಿಸಿಯಾಯಿತು. ಅಳಿಸಿ ಮತ್ತೆ ಹಾಕಿದೆ. ಮತ್ತೆ ಅದೇ.

ಶಶಿಧರ್ ಸಾರ್ ಟೀ ಲೋಟ ಹಿಡಿದು ಬಂದು ಹಿಂದೆ ನಿಂತರು. "ವಾರಿಜಾ, ಮೂರು ಜನ ಒಂದು ಮಾತು ಹೇಳ್ತಾರೆ, ಒಬ್ಬರು ಬೇರೆ ಹೇಳ್ತಾರೆ. ಆ ಒಬ್ಬರನ್ನ ಸ್ವಲ್ಪ ಹೊತ್ತು ಹೊರಗೆ ಕೂರಿಸು, ನೋಡೋಣ" ಅಂದರು.

"ಸಾರ್, ಅದು ಗುಡಿ" ಅಂದೆ.

"ದೇವರು ಬೇಜಾರ್ ಮಾಡ್ಕೊಳ್ಳಲ್ಲ, ತೆಗಿ."

ಗುಡಿಯ ಪಿನ್ನು ತೆಗೆದು ಬಾವಿಗೆ ಹಾಕಿದೆ. ಕೆರೆ ತನ್ನ ಜಾಗಕ್ಕೆ ಹೋಗಿ ಕೂತಿತು. ಏರಿಯ ಮೇಲೆ ಏರಿ, ಬಂಡೆಯ ಮೇಲೆ ಬಂಡೆ. ಗುಡಿ ಮಾತ್ರ ಹಳೆಯ ಫೋಟೋದಲ್ಲಿ ಒಂದು ಕಡೆ, ಇವತ್ತಿನ ಚಿತ್ರದಲ್ಲಿ ರಸ್ತೆಗುಂಟ ಎರಡು ಅಡ್ಡರಸ್ತೆಯಷ್ಟು ಈಚೆಗೆ. ಹಾಗಾದರೆ ಗುಡಿಯೇ ಕದಲಿದೆ. ನೀನು ಅವತ್ತು ಬೆನ್ನು ಕೊಟ್ಟು ನಿಂತದ್ದು ಕದಲಿದ ಗುಡಿಗೆ.

ಆದರೂ ಕಂಪ್ಯೂಟರ್ ಹೇಳಿದ್ದನ್ನಷ್ಟೇ ನಂಬಿ ನಿನಗೆ ಬರೆಯಲು ಧೈರ್ಯ ಬರಲಿಲ್ಲ. ಗುಡಿ ನೋಡಿಕೊಳ್ಳುವ ಗಂಗಾಧರಯ್ಯ ತಾತನನ್ನು ಕೇಳೋಣ ಎಂದು ಹೋದ ತಿಂಗಳ ಕೊನೆಯ ಶುಕ್ರವಾರ ಬೆಳಿಗ್ಗೆ ಹೋದೆ. ತಾತ ಹೂವು ಕಟ್ಟುತ್ತಿದ್ದರು.

"ಮುನಿಲಕ್ಷ್ಮಮ್ಮನ ಚಿಕ್ಕವಳಲ್ವಾ ನೀನು? ಮಾತೇ ಆಡಲ್ಲ ಅಂತಿದ್ರು."

"ತಾತ, ಗುಡಿ ಮುಂಚೆ ಎಲ್ಲಿತ್ತು?"

"ಆಡಿದ್ರೆ ಇಂಥ ಮಾತಾಡ್ತೀಯಾ! ಮುಂಚೆ ಏನು, ಈಗ ಏನು? ಊರಮ್ಮ ಎಲ್ಲಿಗ್ ಹೋಗ್ತಾಳೆ? ಇಲ್ಲೇ ಅವಳೆ."

ನಾನು ಫೋನಿನಲ್ಲಿದ್ದ ಹಳೆಯ ಫೋಟೋ ತೋರಿಸಿದೆ. ತಾತ ಮೊದಲು ಬೇಡ ಅಂದರು. ಆಮೇಲೆ ಕನ್ನಡಕ ಹಾಕಿಕೊಂಡರು. "ಅರೆ, ಇದು ನಮ್ಮ ಕಣ. ಇಗೋ ಬಣವೆ. ಮೇಲಿಂದ ಯಾರವ್ವ ತೆಗ್ದಿದ್ದು, ಹದ್ದಾ?" ಎಂದು ಬಹಳ ಹೊತ್ತು ನೋಡಿದರು. ಕೊನೆಗೆ ಫೋನ್ ನನ್ನ ಕೈಗಿಟ್ಟು ದನಿ ತಗ್ಗಿಸಿದರು.

"ನಿಮ್ಮಪ್ಪ ಹೊಲ ಮಾರಿದ ವರ್ಷ ರೋಡ್ ಅಗಲ ಮಾಡ್ತೀವಿ ಅಂತ ಬಂದಿದ್ರು. ಅವಾಗ ಜರುಗಿ ಕೂತ್ಲು. ನೀವು ಹೆಂಗಸ್ರು ಮಕ್ಳು ಬಾಗ್ಲು ಹಾಕ್ಕೊಂಡು ಒಳಗಿದ್ರಿ. ಗಂಡಸ್ರು ಸೇರಿ ತಂದ್ವಿ. ಕಲ್ಲು, ಬಾಗ್ಲು, ಒಂದೂ ಬಿಡದೆ ಹಂಗಂಗೇ ಕಟ್ಟಿದ್ವಿ. ದೀಪ ಮಾತ್ರ ಆರಿಸ್ಲಿಲ್ಲ. ಗಾಳಿಗೆ ಕೈ ಅಡ್ಡ ಇಟ್ಕೊಂಡು ತಂದೋನು ನಾನೇ. ದೀಪ ಆರದೆ ಬಂತು ಅಂದ್ರೆ ಅವಳು ಜಾಗ ಬಿಟ್ಟಿಲ್ಲ ಅಂತ ಅರ್ಥ. ಸರಿಸಿದ್ವಿ ಅಂತ ಯಾರೂ ಬಾಯಲ್ಲಿ ಹೇಳ್ಬಾರ್ದು ಅಂತ ಊರೆಲ್ಲ ಒಪ್ಕೊಂಡ್ವಿ. ನೀನೂ ಹೇಳ್ಬೇಡ."

"ಕಾಗದದಲ್ಲಿ ಬರೀಬಹುದಾ ತಾತ? ನಮ್ಮಕ್ಕನಿಗೆ."

ತಾತ ನನ್ನ ಮುಖವನ್ನೇ ನೋಡಿದರು. ಅವರಿಗೆ ನಿನ್ನ ಪಾಪು ನೆನಪಾಯಿತು ಅನಿಸುತ್ತದೆ. "ನಾನು ಬಾಯಲ್ಲಿ ಅಂತ ತಾನೆ ಅಂದಿದ್ದು" ಎಂದು ಒಂದು ಮೊಳ ಹೂವು ಕತ್ತರಿಸಿ ನನ್ನ ಕೈಗೆ ಕೊಟ್ಟರು.

ಹೋದ ಭಾನುವಾರ ಬೆಳಿಗ್ಗೆ, ಅಮ್ಮ ವಾಕಿಂಗ್ ಹೋದ ಮೇಲೆ, ಹುಣಸೆಮರದ ಜಾಗವನ್ನು ಫೋನಿಗೆ ಹಾಕಿಕೊಂಡು ಹೊರಟೆ. ಅಪಾರ್ಟ್‌ಮೆಂಟ್ ದಾಟಿದೆ. ಇನ್ನೂ ಮುಂದಕ್ಕೆ ತೋರಿಸಿತು. ಅಡ್ಡರಸ್ತೆಗಳನ್ನು ದಾಟಿ ಎಡಕ್ಕೆ ತಿರುಗಿದರೆ ಲೇಔಟಿನ ಕೊನೆಯಲ್ಲಿ ಮೂರು ಮೂಲೆಯ ಒಂದು ಸಣ್ಣ ಪಾರ್ಕು. ಸೈಟು ಮಾಡಲು ಬಾರದೆ ಉಳಿದ ತುಂಡು ಜಾಗ ಅದು. ಒಂದು ಜಾರುಬಂಡೆ, ನಾಲ್ಕು ಕಲ್ಲುಬೆಂಚು, ಹಿಂದಿನ ಗೋಡೆಯ ಹತ್ತಿರ ನಂದಿಬಟ್ಟಲು. ನನ್ನ ಫೋನಿನ ಗುರುತು ಆ ಗೋಡೆಯ ಕಡೆಯೇ ಇತ್ತು. ಅಲ್ಲಿ ಕಾರು ಇಲ್ಲ ಅಕ್ಕ. ಮಣ್ಣು ಇದೆ, ಗಿಡ ಇದೆ.

ಗಿಡದ ಪಕ್ಕದ ಬೆಂಚಿನ ಮೇಲೆ ಅಮ್ಮ ಕೂತಿದ್ದಳು.

ಪಾರ್ಕಿನಲ್ಲಿ ಎಲ್ಲರೂ ಚಪ್ಪಲಿ ಹಾಕಿಕೊಂಡು ಸುತ್ತುತ್ತಿದ್ದರು. ಅಮ್ಮನ ಚಪ್ಪಲಿ ಮಾತ್ರ ದೂರದಲ್ಲಿ, ಕಾಲುದಾರಿಯ ಅಂಚಿನಲ್ಲಿ, ಗುಡಿಯ ಮುಂದೆ ಬಿಟ್ಟ ಹಾಗೆ ಇತ್ತು. ನನ್ನನ್ನು ನೋಡಿ, "ನೀನ್ಯಾಕೆ ಬಂದೆ? ಹಾಲು ಕಾಯ್ಸಿ ಬಂದ್ಯಾ?" ಅಂದಳು. ನಾನು ಫೋನ್ ತೋರಿಸಿದೆ. "ಅಮ್ಮ, ನಮ್ಮ ಹುಣಸೆಮರ ಇಲ್ಲಿತ್ತಂತೆ" ಎಂದು ಬೆಂಚಿನ ಬುಡ ತೋರಿಸಿದೆ.

ಅಮ್ಮ ಫೋನ್ ನೋಡಲೇ ಇಲ್ಲ. "ಇಲ್ಲಲ್ಲ ಕಣೇ, ಚೂರು ಆ ಕಡೆ. ಗಿಡ ಇದೆ ನೋಡು, ಅಲ್ಲಿ" ಅಂದಳು.

ಆ ಗಿಡ ನೆಟ್ಟವಳು ಅವಳೇ. ನಾನು ಚಪ್ಪಲಿ ಬಿಟ್ಟು ಬಂದು ನೆಲದ ಮೇಲೆ ಕೂತೆ. ಆ ನಂದಿಬಟ್ಟಲಿನ ಹೂವು ಯಾರೂ ಕೀಳುವುದಿಲ್ಲವಂತೆ, ಮಾಲಿ ಕೂಡ. ಉದುರಿದ ಹೂವು ಹಾಗೇ ಬಿಳಿ ಬಿಳಿಯಾಗಿ ಬಿದ್ದಿರುತ್ತದೆ. ತಾತ ಕೊಟ್ಟ ಹೂವನ್ನು ಎರಡು ದಿನ ಒದ್ದೆ ಬಟ್ಟೆಯಲ್ಲಿ ಸುತ್ತಿ ಇಟ್ಟಿದ್ದೆ. ಅದನ್ನು ಗಿಡದ ಬುಡದಲ್ಲಿ ಇಟ್ಟೆ, ನಿನ್ನ ಲೆಕ್ಕದಲ್ಲಿ.

ಒಂದು ಸಲ ಬಾ ಅಕ್ಕ. ಹಬ್ಬಕ್ಕೆ ಅಲ್ಲ, ಊಟಕ್ಕೂ ಅಲ್ಲ. ಬೆಳಗಿನ ರೈಲಿಗೆ ಹೊರಟರೆ ಬಿಸಿಲಿಗೆ ಮುಂಚೆ ತಲುಪುತ್ತೀಯ. ನಾನು ಸ್ಟೇಷನ್ನಿಗೆ ಬರುತ್ತೇನೆ. ಮನೆಗೆ ಬರಲು ಮನಸ್ಸಾಗದಿದ್ದರೆ ಅಲ್ಲಿಂದಲೇ ವಾಪಸ್ ಹೋಗು, ನಾನು ಒಂದು ಮಾತೂ ಆಡುವುದಿಲ್ಲ. ಜಾಗದ ಗುರುತನ್ನು ನಿನ್ನ ಫೋನಿಗೂ ಕಳಿಸಿದ್ದೇನೆ. ಯಾವುದು ಎಂದು ತಿಳಿಯದೆ ನೀನು ಸುಮ್ಮನಿದ್ದೀಯ. ಇದೇ ಅದು.

ಭಾವನಿಗೆ ನನ್ನ ನಮಸ್ಕಾರ. ಚಿರಂತನಿಗೆ ಮುದ್ದು. ಅವನಿಗೆ ನಮ್ಮ ಬೆಕ್ಕಿನ ಫೋಟೋ ಬೇಕಂತೆ, ಮುಂದಿನ ಸಲ ಹಾಕುತ್ತೇನೆ. ಅಮ್ಮನ ಆಶೀರ್ವಾದ ನಿಮ್ಮ ಮೂವರ ಮೇಲೂ ಇದೆ. ಇದನ್ನು ಅವಳು ಬರೆಯಲು ಹೇಳಲಿಲ್ಲ, ಆದರೂ ಇದೆ.

ನಿನ್ನ ತಂಗಿ,
ವಾರಿಜಾ

ಮೇಲೆ ಬರೆಯಲಾಗದೆ ಉಳಿದದ್ದು: ನೀನು ಹಾಲು ಚೆಲ್ಲಿದ ದಿನವೇ ಅಮ್ಮನಿಗೆ ಗೊತ್ತಿತ್ತು ಅಕ್ಕ. ಪಾರ್ಕಿನಿಂದ ಮನೆಗೆ ಬರುವಾಗ ಹೇಳಿದಳು. ನೀನು ಗುಡಿಗೆ ಬೆನ್ನು ಕೊಟ್ಟು ನಿಂತಾಗ ಅವಳು ನಮ್ಮ ಹಿಂದೆಯೇ ಇದ್ದಳಂತೆ. "ಆ ಕಡೆ ಅಲ್ಲ ಅಂತ ಕೂಗಕ್ಕೆ ಬಾಯಿ ತೆಗ್ದೆ ಕಣೇ. ಆದ್ರೆ ಪಾಪು ಜಾಗದಲ್ಲಿ ಅವಾಗ ಲಾರಿಗಟ್ಲೆ ಕಸ ಸುರೀತಿದ್ರು, ನಾಯಿಗಳು ಬೇರೆ. ಹಳ್ಳ ನೋಡಿದ್ರೆ ಏನೂ ಉಳಿದಿಲ್ಲ ಅಂತ ಅತ್ತು ಮರೀತಾಳೆ, ಅದನ್ನ ನೋಡಿದ್ರೆ ಜನ್ಮದಲ್ಲಿ ಮರೆಯಲ್ಲ ಅಂತ ಸುಮ್ನಾದೆ. ಅವಳು ಅಳಲೂ ಇಲ್ಲ, ಮರೀಲೂ ಇಲ್ಲ." ನೀನು ಹೊರಟ ಮರುದಿನದಿಂದ ಅಮ್ಮ ಬುಟ್ಟಿ ತಗೊಂಡು ಹೋಗಿ ಆ ಮೂಲೆಯ ಕಸ ಎತ್ತಿದಳಂತೆ. "ಅವಳಿಗೆ ಹೇಳ್ಬೇಡ. ಇಷ್ಟು ವರ್ಷ ಯಾಕೆ ಬಾಯಿ ಬಿಡ್ಲಿಲ್ಲ ಅಂದ್ರೆ ನಾನೇನ್ ಹೇಳ್ಲಿ?" ಅಂದಳು. ಬಾಯಲ್ಲಿ ಹೇಳುವುದಿಲ್ಲ ಎಂದು ಮಾತು ಕೊಟ್ಟಿದ್ದೇನೆ.

ಅಮ್ಮ ಆ ಬೆಂಚಿನ ಒಂದು ತುದಿಯಲ್ಲೇ ಕೂರುತ್ತಾಳೆ. ಇನ್ನೊಂದು ತುದಿಗೆ ಯಾರಾದರೂ ಬಂದರೆ, "ಬೇರೆ ಕಡೆ ಕೂತ್ಕೊಳಮ್ಮ, ನಮ್ಮ ದೊಡ್ಡವಳು ಬರ್ತಾಳೆ" ಅನ್ನುತ್ತಾಳೆ.